ನೆಲಮಾಳಿಗೆಯ ಹುಡುಗ ಬಾಯಿ ತೆರೆದಾಗ

ಸಣ್ಣ ಸಮುದಾಯದಿಂದ ಬಂದ ನಟನ ಮೇಲೆ ಬೇರೆ ನಟರಿಗಿಲ್ಲದ ಒಂದು ಹೊರೆ ಇರುತ್ತದೆ. ದೊಡ್ಡ ಸಮುದಾಯದ ನಟನೊಬ್ಬ ಕಳ್ಳನ ಪಾತ್ರ ಮಾಡಿದರೆ ನೋಡುವವರು ಅದನ್ನು ಒಬ್ಬ ಕಳ್ಳನ ಕಥೆಯೆಂದು ನೋಡಿ ಮರೆಯುತ್ತಾರೆ. ಅಪರೂಪಕ್ಕೊಮ್ಮೆ ಪರದೆಯ ಮೇಲೆ ಕಾಣಿಸಿಕೊಳ್ಳುವ ಸಮುದಾಯದ ನಟ ಅದೇ ಪಾತ್ರ ಮಾಡಿದರೆ, 'ಇವರು ಹೀಗೆಯೇ' ಎಂಬ ತೀರ್ಮಾನವನ್ನು ಜೇಬಿನಲ್ಲಿಟ್ಟುಕೊಂಡು ಜನ ಥಿಯೇಟರಿನಿಂದ ಹೊರಗೆ ಬರುತ್ತಾರೆ. ಅಲ್ಲಿ ನಟನ ಮುಖವೇ ಸಾಕ್ಷಿಯಾಗಿಬಿಡುತ್ತದೆ. ಆದ್ದರಿಂದ ಇಂಥ ನಟನ ಬಗ್ಗೆ ಬರೆಯುವಾಗ 'ಚೆನ್ನಾಗಿ ನಟಿಸಿದನೇ?' ಎಂದಷ್ಟೇ ಕೇಳಿ ನಾವು ಸುಮ್ಮನಾಗುವಂತಿಲ್ಲ. ಅವನ ಬಾಯಿಗೆ ಮಾತು ಕೊಟ್ಟವರು ಯಾರು, ಅದನ್ನು ಬದಲಿಸುವ ಅಧಿಕಾರ ಅವನಿಗೆಷ್ಟಿತ್ತು, ಚಿತ್ರೀಕರಣ ಮುಗಿದ ಮೇಲೆ ಅವನು ಏನು ಮಾಡಿದ ಎಂಬ ಪ್ರಶ್ನೆಗಳೂ ವಿಮರ್ಶೆಗೆ ಸೇರಿದವೇ.

ಈ ಪ್ರಶ್ನೆಗಳನ್ನು ಒಟ್ಟಿಗೆ ಎತ್ತಿಕೊಳ್ಳಲು ಅಮೆರಿಕದ ಹ್ಮಾಂಗ್ ಸಮುದಾಯದ ನಟ ಬೀ ವಾಂಗ್ ಅವರಿಗಿಂತ ಒಳ್ಳೆಯ ಉದಾಹರಣೆ ನಮಗೆ ಕಾಣುವುದಿಲ್ಲ. ಕ್ಲಿಂಟ್ ಈಸ್ಟ್‌ವುಡ್ ನಿರ್ದೇಶಿಸಿ ನಟಿಸಿದ 'ಗ್ರ್ಯಾನ್ ಟೊರಿನೊ' ಚಿತ್ರ 2008ರ ಡಿಸೆಂಬರಿನಲ್ಲಿ ತೆರೆಕಂಡಿತು. ಅದರಲ್ಲಿ ಈಸ್ಟ್‌ವುಡ್ ಅವರ ಎದುರು ಥಾವೊ ಎಂಬ ಹುಡುಗನ ಪಾತ್ರಕ್ಕೆ ಆಯ್ಕೆಯಾದಾಗ ವಾಂಗ್ ಅವರಿಗೆ ಹದಿನಾರು ವರ್ಷ. ಅದಕ್ಕೆ ಮೊದಲು ಸಿನಿಮಾದಲ್ಲಿ ನಟಿಸಿದವರಲ್ಲ. ಚಿತ್ರ ಜಗತ್ತಿನಾದ್ಯಂತ ಸುಮಾರು 27 ಕೋಟಿ ಡಾಲರ್ ಗಳಿಸಿತು. ಹಾಲಿವುಡ್‌ನ ಇಷ್ಟು ದೊಡ್ಡ ಚಿತ್ರದಲ್ಲಿ ಹ್ಮಾಂಗ್ ಪಾತ್ರಗಳನ್ನು ಹ್ಮಾಂಗರೇ ಮಾಡಿದ್ದು ಅದೇ ಮೊದಲು. ಕೋಟ್ಯಂತರ ಜನ 'ಹ್ಮಾಂಗ್' ಎಂಬ ಹೆಸರನ್ನು ಮೊದಲ ಬಾರಿಗೆ ಕೇಳಿದ್ದೂ ಆಗಲೇ. ಹದಿಹರೆಯದ ಒಬ್ಬ ಹುಡುಗ ಒಂದು ಇಡೀ ಜನಾಂಗದ ಗುರುತಿನ ಚೀಟಿಯಾದ.

ಹ್ಮಾಂಗರು ಯಾರು? ಹೆಸರಿನ ಮೊದಲಿನ 'ಹ' ಮೂಗಿನಿಂದ ಹೊರಡುವ ಉಸಿರಷ್ಟೇ. ದಕ್ಷಿಣ ಚೀನಾ, ವಿಯೆಟ್ನಾಂ, ಲಾವೋಸ್, ಥಾಯ್ಲೆಂಡ್‌ಗಳ ಬೆಟ್ಟಗಳಲ್ಲಿ ಹರಡಿಕೊಂಡಿರುವ, ತಮ್ಮದೆಂಬ ದೇಶವಿಲ್ಲದ ಜನ ಇವರು. ಚೀನಾ ಸರಕಾರ ಇವರನ್ನು 'ಮಿಯಾವೊ' ಎಂಬ ದೊಡ್ಡ ಗುಂಪಿನೊಳಗೆ ಸೇರಿಸಿ ಲೆಕ್ಕ ಹಾಕುತ್ತದೆ. ಇವರು ಅಮೆರಿಕಕ್ಕೆ ಬಂದದ್ದು ಯುದ್ಧದಿಂದಾಗಿ. ತಟಸ್ಥ ದೇಶವೆಂದು ಒಪ್ಪಂದವಾಗಿದ್ದ ಲಾವೋಸ್‌ನಲ್ಲಿ 1960ರ ದಶಕದಿಂದ 1975ರವರೆಗೆ ಸಿಐಎ ಒಂದು ಗುಪ್ತ ಯುದ್ಧ ನಡೆಸಿತು. ಜನರಲ್ ವಾಂಗ್ ಪಾವ್ ಅವರ ಮುಂದಾಳತ್ವದಲ್ಲಿ ಹ್ಮಾಂಗ್ ಗಂಡಸರನ್ನೂ ಹದಿಹರೆಯದ ಹುಡುಗರನ್ನೂ ಸೈನಿಕರನ್ನಾಗಿ ಮಾಡಿತು. 1964ರಿಂದ 1973ರವರೆಗೆ ಅಮೆರಿಕದ ವಿಮಾನಗಳು ಆ ಪುಟ್ಟ ದೇಶದ ಮೇಲೆ 20 ಲಕ್ಷ ಟನ್ನಿಗೂ ಹೆಚ್ಚು ಬಾಂಬು ಸುರಿದವು. 1975ರ ಮೇ ತಿಂಗಳಲ್ಲಿ ಲಾಂಗ್ ಚೆಂಗ್ ನೆಲೆಯಿಂದ ಅಮೆರಿಕದವರು ಕಾಲ್ತೆಗೆದಾಗ ವಿಮಾನದಲ್ಲಿ ಜಾಗ ಸಿಕ್ಕಿದ್ದು ಕೆಲವರಿಗೆ ಮಾತ್ರ. ಉಳಿದವರು ಕಾಡಿನಲ್ಲಿ ನಡೆದು, ಮೆಕಾಂಗ್ ನದಿ ದಾಟಿ, ಥಾಯ್ಲೆಂಡಿನ ಬಾನ್ ವಿನೈಯಂಥ ಶಿಬಿರಗಳಲ್ಲಿ ವರ್ಷಗಟ್ಟಲೆ ಕಾದು ಅಮೆರಿಕ ಸೇರಿದರು. ಇಂದು ಆ ದೇಶದಲ್ಲಿ ಮೂರು ಲಕ್ಷಕ್ಕೂ ಹೆಚ್ಚು ಹ್ಮಾಂಗರಿದ್ದಾರೆ. ಮಿನೆಸೋಟದ ಸೇಂಟ್ ಪಾಲ್ ಮತ್ತು ಮಿನಿಯಾಪೊಲಿಸ್, ಕ್ಯಾಲಿಫೋರ್ನಿಯಾದ ಫ್ರೆಸ್ನೊ, ವಿಸ್ಕಾನ್ಸಿನ್‌ನ ಮಿಲ್ವಾಕಿ ಅವರ ಮುಖ್ಯ ನೆಲೆಗಳು.

ಹಾಲಿವುಡ್ಡಿಗೂ ಹ್ಮಾಂಗರಿಗೂ 'ಗ್ರ್ಯಾನ್ ಟೊರಿನೊ'ಗಿಂತ ಹಳೆಯದಾದ ಒಂದು ಲೆಕ್ಕವಿದೆ. 1970ರ ದಶಕದ ಕೊನೆಯಿಂದ ಅಮೆರಿಕದಲ್ಲಿ ಆಗ್ನೇಯ ಏಷ್ಯಾದ ನಿರಾಶ್ರಿತ ಗಂಡಸರು, ಅವರಲ್ಲೂ ಹ್ಮಾಂಗರು, ಯಾವ ಕಾಯಿಲೆಯೂ ಇಲ್ಲದೆ ನಿದ್ದೆಯಲ್ಲೇ ಸಾಯತೊಡಗಿದರು. ವೈದ್ಯರು ಕಾರಣ ಹುಡುಕುತ್ತಿದ್ದಾಗ ಪತ್ರಿಕೆಗಳಲ್ಲಿ ಆ ಸುದ್ದಿ ಓದಿದ ನಿರ್ದೇಶಕ ವೆಸ್ ಕ್ರೇವನ್ ಅದರಿಂದ ಪ್ರೇರಣೆ ಪಡೆದು 1984ರಲ್ಲಿ 'ಎ ನೈಟ್‌ಮೇರ್ ಆನ್ ಎಲ್ಮ್ ಸ್ಟ್ರೀಟ್' ತೆಗೆದರು. ಚಿತ್ರದಲ್ಲಿ ನಿದ್ದೆಯಲ್ಲಿ ಸಾಯುವವರು ಅಮೆರಿಕದ ಉಪನಗರದ ಬಿಳಿಯ ಹುಡುಗ ಹುಡುಗಿಯರು. ಸಾವು ನಿರಾಶ್ರಿತರದು, ಮುಖ ಬೇರೆಯವರದು. ಅದೇ ವಿದ್ಯಮಾನವನ್ನು ಇಟ್ಟುಕೊಂಡು ಸೇಂಟ್ ಪಾಲ್‌ನ ಹ್ಮಾಂಗ್ ನಿರ್ದೇಶಕ ವಾ-ಮೆಂಗ್ ಥೊ ಅವರು 'ಡೈ ಬೈ ನೈಟ್' ಎಂಬ ಚಿತ್ರ ಮಾಡಿದರು. ಮೊದಲನೆಯದು ಚಿತ್ರಸರಣಿಯಾಗಿ ಬೆಳೆದು ಲೋಕವೆಲ್ಲ ಸುತ್ತಿತು. ಎರಡನೆಯದನ್ನು ಸಮುದಾಯದ ಆಚೆ ಬಲ್ಲವರು ತೀರ ಕಡಿಮೆ.

ಈ ಹಿನ್ನೆಲೆಯಲ್ಲಿ 'ಗ್ರ್ಯಾನ್ ಟೊರಿನೊ' ಒಂದು ಹೆಜ್ಜೆ ಮುಂದಿಟ್ಟಿತು ಎಂಬುದನ್ನು ನಾವು ಒಪ್ಪಲೇಬೇಕು. ಇಲ್ಲಿ ಮುಖಗಳಾದರೂ ಅವರವೇ ಇದ್ದವು. ಕಥೆ ಬರೆದ ನಿಕ್ ಶೆಂಕ್ 1990ರ ದಶಕದ ಆರಂಭದಲ್ಲಿ ಮಿನೆಸೋಟದ ವಿಡಿಯೊ ಕ್ಯಾಸೆಟ್ ಕಾರ್ಖಾನೆಯೊಂದರಲ್ಲಿ ಹ್ಮಾಂಗ್ ಕಾರ್ಮಿಕರ ಜೊತೆ ಕೆಲಸ ಮಾಡಿದ್ದವರು. ಮಿನೆಸೋಟದಲ್ಲಿ ನಡೆಯಬೇಕಿದ್ದ ಕಥೆ, ತೆರಿಗೆ ರಿಯಾಯಿತಿಯ ಕಾರಣಕ್ಕೆ ಮಿಶಿಗನ್ನಿಗೆ ಸ್ಥಳಾಂತರಗೊಂಡು ಡೆಟ್ರಾಯಿಟ್ ಸುತ್ತಮುತ್ತ ಚಿತ್ರಿತವಾಯಿತು. ಫೋರ್ಡ್ ಕಾರ್ಖಾನೆಯಿಂದ ನಿವೃತ್ತನಾದ, ಕೊರಿಯಾ ಯುದ್ಧದಲ್ಲಿ ಹೋರಾಡಿದ ವಾಲ್ಟ್ ಕೊವಾಲ್ಸ್ಕಿ ಎಂಬ ಸಿಡುಕು ಮುದುಕ. ಪಕ್ಕದ ಮನೆಗೆ ಹ್ಮಾಂಗ್ ಕುಟುಂಬ ಬರುತ್ತದೆ. ಸೋದರಸಂಬಂಧಿಯ ಪುಂಡರ ಗುಂಪಿನ ಒತ್ತಡಕ್ಕೆ ಸಿಕ್ಕ ಥಾವೊ, ಮುದುಕನ 1972ರ ಮಾದರಿಯ ಗ್ರ್ಯಾನ್ ಟೊರಿನೊ ಕಾರನ್ನು ಕದಿಯಲು ಹೋಗಿ ಸಿಕ್ಕಿಬೀಳುತ್ತಾನೆ. ತಪ್ಪಿಗೆ ಪ್ರಾಯಶ್ಚಿತ್ತವಾಗಿ ಅವನಲ್ಲೇ ಚಾಕರಿ ಮಾಡುತ್ತಾನೆ. ಮುದುಕ ಅವನಿಗೆ ಕೆಲಸ ಕಲಿಸಿ, 'ಗಂಡಸಾಗಿ' ಮಾತಾಡುವುದನ್ನು ಕಲಿಸಿ, ಕೊನೆಗೆ ಅವನ ಕುಟುಂಬದ ರಕ್ಷಣೆಗೆ ಪುಂಡರ ಗುಂಡಿಗೆ ಎದೆಯೊಡ್ಡಿ ಸಾಯುತ್ತಾನೆ. ಈಸ್ಟ್‌ವುಡ್ ತಮ್ಮ ಹಳೆಯ ಪಿಸ್ತೂಲುಧಾರಿ ನಾಯಕನನ್ನು ಇಲ್ಲಿ ನಿರಾಯುಧನಾಗಿ ಸಾಯಿಸಿದರು ಎಂದು ವಿಮರ್ಶಕರು ಕೊಂಡಾಡಿದರು. ಆ ಹೊಗಳಿಕೆ ಸುಳ್ಳಲ್ಲ. ಆದರೆ ಅದು ಒಬ್ಬನ ಕಡೆಯಿಂದ ಮಾತ್ರ ನೋಡಿದ ಹೊಗಳಿಕೆ.

ಚಿತ್ರವನ್ನು ಥಾವೊನ ಕಡೆಯಿಂದ ನೋಡೋಣ. ಮೊದಲು ಅವನ ಹೆಸರು. ಪಾತ್ರದ ಪೂರ್ತಿ ಹೆಸರು ಥಾವೊ ವಾಂಗ್ ಲೋರ್. ಹ್ಮಾಂಗರಲ್ಲಿ ಥಾವೊ, ವಾಂಗ್, ಲೋರ್ ಮೂರೂ ಕುಲದ ಹೆಸರುಗಳು. ಒಂದೇ ಕುಲದೊಳಗೆ ಮದುವೆ ನಿಷಿದ್ಧವಾಗಿರುವ, ಹೊಸಬರು ಭೇಟಿಯಾದರೆ ಮೊದಲು ಕುಲ ಕೇಳಿ ನೆಂಟಸ್ತಿಕೆ ಗೊತ್ತುಮಾಡಿಕೊಳ್ಳುವ ಸಮಾಜ ಅದು. ಅಲ್ಲಿ ಹುಡುಗನೊಬ್ಬನಿಗೆ ಮೂರು ಕುಲಗಳ ಹೆಸರನ್ನು ಪೋಣಿಸಿಟ್ಟರೆ ಅವನಿಗೆ ಸ್ವಂತ ಹೆಸರೇ ಉಳಿಯುವುದಿಲ್ಲ. ಹೊರಗಿನ ಪ್ರೇಕ್ಷಕನಿಗೆ ಇದು ಗೊತ್ತಾಗದು. ಹ್ಮಾಂಗ್ ಪ್ರೇಕ್ಷಕನಿಗೆ ಮಾತ್ರ, ಬರೆದವರು ಯಾರನ್ನೂ ಸರಿಯಾಗಿ ಕೇಳಿಲ್ಲವೆಂಬುದು ಪಾತ್ರದ ಪರಿಚಯದಲ್ಲೇ ತಿಳಿದುಹೋಗುತ್ತದೆ. ವಾಲ್ಟ್ ಅಂತೂ ಅವನನ್ನು 'ಟೋಡ್', ಅಂದರೆ ಕಪ್ಪೆ, ಎಂದು ಕರೆಯುತ್ತಾನೆ. ಥಿಯೇಟರು ನಗುತ್ತದೆ.

ಎರಡನೆಯದು ಪದಕ. ಕೊನೆಯ ಕದನಕ್ಕೆ ಹೊರಡುವ ಮೊದಲು ವಾಲ್ಟ್ ಕೊರಿಯಾದಲ್ಲಿ ತನಗೆ ಸಿಕ್ಕಿದ್ದ ಬೆಳ್ಳಿ ತಾರೆಯ ಪದಕವನ್ನು ಥಾವೊನ ಅಂಗಿಗೆ ಚುಚ್ಚುತ್ತಾನೆ. ನೋಡುವವರ ಕಣ್ಣು ಒದ್ದೆಯಾಗುವ ಗಳಿಗೆ ಅದು. ಆದರೆ ಯೋಚಿಸಿ: ಈ ಹುಡುಗನ ಅಜ್ಜಂದಿರ, ದೊಡ್ಡಪ್ಪಂದಿರ ತಲೆಮಾರು ಇದೇ ಅಮೆರಿಕಕ್ಕಾಗಿ ಕಾದಾಡಿದ್ದು. ಬಿದ್ದ ವಿಮಾನಗಳ ಪೈಲಟ್‌ಗಳನ್ನು ಹುಡುಕಿ ತಂದದ್ದು ಅವರು. ಚಿತ್ರದಲ್ಲಿ ಈ ಚರಿತ್ರೆಗೆ ಸಿಕ್ಕಿದ್ದು ಥಾವೊನ ಅಕ್ಕ ಸೂ ಹೇಳುವ ನಾಲ್ಕಾರು ಮಾತು. ಯುದ್ಧದ ನೆನಪು, ಯುದ್ಧದ ಪಾಪಪ್ರಜ್ಞೆ, ಯುದ್ಧದ ಗೌರವ ಮೂರೂ ವಾಲ್ಟ್ ಒಬ್ಬನಿಗೆ ಮೀಸಲು. ಪದಕ ಅವನು ಕರುಣಿಸಬೇಕಾದ ವಸ್ತುವಾಗುತ್ತದೆ. ವಾಸ್ತವದಲ್ಲಿ ಆ ಮುದುಕ ಸೈನಿಕರು ಪೌರತ್ವದ ಇಂಗ್ಲಿಷ್ ಪರೀಕ್ಷೆಯಿಂದ ವಿನಾಯಿತಿ ಪಡೆಯಲು 2000ದ ಕಾಯ್ದೆಯವರೆಗೆ ಕಾಯಬೇಕಾಯಿತು. ಅಮೆರಿಕದ ರಾಷ್ಟ್ರೀಯ ಸೈನಿಕ ಸ್ಮಶಾನಗಳಲ್ಲಿ ಮಣ್ಣಾಗುವ ಹಕ್ಕು ಕಾನೂನಿನಲ್ಲಿ ಸಿಕ್ಕಿದ್ದು 2018ರಲ್ಲಿ, ಚಿತ್ರ ಬಂದು ಹತ್ತು ವರ್ಷಗಳ ಮೇಲೆ.

ಮೂರನೆಯದು ನೆಲಮಾಳಿಗೆ. ಸೂಳ ಮೇಲೆ ಪುಂಡರು ಅತ್ಯಾಚಾರ ಮಾಡಿದ್ದಾರೆ. ತಮ್ಮನಾಗಿ ಥಾವೊ ಕುದಿಯುತ್ತಿದ್ದಾನೆ. ಪದಕ ಚುಚ್ಚಿದ ಮರುಕ್ಷಣ ವಾಲ್ಟ್ ಅವನನ್ನು ನೆಲಮಾಳಿಗೆಯಲ್ಲಿ ಕೂಡಿಹಾಕಿ ಬೀಗ ಜಡಿಯುತ್ತಾನೆ. ಹುಡುಗ ಬಾಗಿಲು ಬಡಿಯುತ್ತಾನೆ, ಕೂಗುತ್ತಾನೆ. ಮುದುಕ ಒಬ್ಬನೇ ಹೋಗುತ್ತಾನೆ, ಕೈಗಳನ್ನು ಶಿಲುಬೆಯಂತೆ ಚಾಚಿ ಬೀಳುತ್ತಾನೆ. ಹುಡುಗನ ಜೀವ ಉಳಿಸಲು ಹಾಗೆ ಮಾಡಿದ ಎಂಬ ಸಮರ್ಥನೆ ಕಥೆಯೊಳಗೆ ಸರಿಯೇ. ಆದರೆ ಕಥೆಯನ್ನು ಹಾಗೆ ಕಟ್ಟಿದವರು ಯಾರು? ಕೊಲ್ಲುವವರೂ ಹ್ಮಾಂಗರು, ಗಾಯಗೊಂಡವಳೂ ಹ್ಮಾಂಗಳು, ಕಾಪಾಡುವವನು ಮಾತ್ರ ಹೊರಗಿನವನು. ಚಿತ್ರದಲ್ಲಿ ಎಲ್ಲರಿಗಿಂತ ಚುರುಕಾಗಿ ಮಾತಾಡುತ್ತಿದ್ದವಳು ಸೂ. ಆನಿ ಹರ್ ಅವರು ಜೀವ ತುಂಬಿದ ಪಾತ್ರ ಅದು. ಅತ್ಯಾಚಾರದ ನಂತರ ಅವಳ ಬಾಯಿಂದ ಚಿತ್ರ ಹೆಚ್ಚೇನೂ ಹೇಳಿಸುವುದಿಲ್ಲ. ಅವಳ ನೋವು ವಾಲ್ಟ್‌ನ ಬಲಿದಾನಕ್ಕೆ ಕಾರಣ ಒದಗಿಸಿ ಹಿಂದೆ ಸರಿಯುತ್ತದೆ. ಕೊನೆಗೆ ಕಾರು ಥಾವೊನ ಪಾಲಿಗೆ ಬರುತ್ತದೆ, ಆದರೆ ಉಯಿಲಿನಲ್ಲಿ ಷರತ್ತುಗಳಿವೆ: ಹಾಗೆ ಬಣ್ಣ ಬಳಿಯಬಾರದು, ಹೀಗೆ ಚಾವಣಿ ಕತ್ತರಿಸಬಾರದು. ಆ ಷರತ್ತುಗಳಲ್ಲೂ ಬೇರೆ ಬೇರೆ ಜನಾಂಗಗಳಿಗೆ ಒಂದೊಂದು ಬೈಗುಳ ಇದೆ. ಜನ ಅದಕ್ಕೂ ನಗುತ್ತಾರೆ.

ಇಂಥ ಚಿತ್ರದೊಳಗೆ ನಟರ ಕೈಯಲ್ಲಿ ಏನಿತ್ತು? ಈಸ್ಟ್‌ವುಡ್ ವೇಗವಾಗಿ, ಕೆಲವೇ ಟೇಕ್‌ಗಳಲ್ಲಿ ಚಿತ್ರೀಕರಿಸುವವರು. ಇಡೀ ಚಿತ್ರ ಐದು ವಾರಗಳೊಳಗೆ ಮುಗಿಯಿತು. ಹ್ಮಾಂಗ್ ಕಲಾವಿದರಲ್ಲಿ ಬಹುಪಾಲು ಜನ ಕ್ಯಾಮೆರಾ ಎದುರು ನಿಂತದ್ದೇ ಮೊದಲು. ಸೆಟ್ಟಿನಲ್ಲಿ ಹ್ಮಾಂಗ್ ಸಹಾಯಕರೂ ಸಲಹೆಗಾರರೂ ಇದ್ದರು. ಆದರೆ ಆಚರಣೆಗಳ ವಿಷಯದಲ್ಲಿ ತಪ್ಪುಗಳನ್ನು ತೋರಿಸಿದರೂ ತಿದ್ದಲಿಲ್ಲವೆಂದು ವಾಂಗ್ ಅವರು ಮುಂದೆ ಹೇಳಿದ್ದಾರೆ. ಒಂದೇ ಒಂದು ಕಿಂಡಿ ತೆರೆದಿತ್ತು, ಅದು ಭಾಷೆ. ನಿರ್ದೇಶಕರಿಗೂ ಚಿತ್ರಕಥೆಗಾರರಿಗೂ ಹ್ಮಾಂಗ್ ಬಾರದು. ಹಾಗಾಗಿ ಹ್ಮಾಂಗ್ ಭಾಷೆಯ ಮಾತುಗಳನ್ನು ನಟರೇ ಸ್ಥಳದಲ್ಲಿ ಕಟ್ಟಿಕೊಳ್ಳಬೇಕಾಯಿತು. ಜಗಲಿಯ ಮೇಲೆ ಕೂತು ವಾಲ್ಟ್‌ನನ್ನು ದಿಟ್ಟಿಸಿ, ಅವನು ಉಗುಳಿದರೆ ಅವನಿಗಿಂತ ಜೋರಾಗಿ ಉಗುಳುವ ಅಜ್ಜಿಯ ಪಾತ್ರವನ್ನು ನೆನಪಿಸಿಕೊಳ್ಳಿ. ಸ್ವತಃ ನಿರಾಶ್ರಿತೆಯಾಗಿ ಬಂದ ಚೀ ಥಾವೊ ಎಂಬ ಹಿರಿಯರು ಅದನ್ನು ಮಾಡಿದರು. ಚಿತ್ರದಲ್ಲಿ ವಾಲ್ಟ್‌ಗೆ ಸರಿಸಮನಾಗಿ ನಿಂತು ಜಗಳಾಡುವ ಏಕೈಕ ವ್ಯಕ್ತಿ ಆ ಅಜ್ಜಿ. ಅವಳ ಮಾತಿಗೆ ಇರುವ ಮೊನೆ ಥಾವೊನ ಇಂಗ್ಲಿಷ್ ಸಂಭಾಷಣೆಗಿಲ್ಲ. ಲಿಖಿತ ಸಂಭಾಷಣೆಯ ಹಿಡಿತ ಎಲ್ಲಿ ಸಡಿಲವಾಯಿತೋ ಅಲ್ಲಿ ಹ್ಮಾಂಗರು ಜೀವಂತವಾಗಿ ಕಾಣಿಸಿದರು ಎಂದು ನಮಗನಿಸುತ್ತದೆ.

ಬೀ ವಾಂಗ್ ಅವರ ನಟನೆ ಪೆಚ್ಚಾಗಿದೆ, ಮರಗಟ್ಟಿದೆ ಎಂದು ಆಗ ಕೆಲವರು ಬರೆದರು. ಅದನ್ನು ಪೂರ್ತಿ ತಳ್ಳಿಹಾಕಲಾಗದು. ಬಾಗಿಲು ಬಡಿಯುತ್ತ ಕೂಗುವ ದೃಶ್ಯದಲ್ಲಿ ದನಿ ಹತೋಟಿ ತಪ್ಪುತ್ತದೆ. ಆದರೆ ತಲೆ ತಗ್ಗಿಸುವುದು, ಹೇಳಿದ ಕೆಲಸ ಮಾಡುವುದು, ಬೈಗುಳಕ್ಕೆ ಸುಮ್ಮನಿರುವುದು ಇಷ್ಟನ್ನೇ ಬರೆದುಕೊಟ್ಟ ಪಾತ್ರಕ್ಕೆ ಹದಿನಾರರ ಹುಡುಗ ಎಲ್ಲಿಂದ ಆಳ ತರಬೇಕು? ಅನುಭವಿ ನಟನೂ ಅಲ್ಲಿ ಸೋಲುತ್ತಿದ್ದ.

ಚಿತ್ರ ಬಂದಾಗ ಸಮುದಾಯದಲ್ಲಿ ಸಂಭ್ರಮವೂ ಇತ್ತು, ಅಸಮಾಧಾನವೂ ಇತ್ತು. ನಮ್ಮ ಹೆಸರು ಲೋಕಕ್ಕೆ ತಿಳಿಯಿತಲ್ಲ ಎಂಬ ಹಿರಿಯರ ಖುಷಿಯನ್ನು ಲಘುವಾಗಿ ಕಾಣುವುದು ತಪ್ಪಾದೀತು. 'ನೀವು ಚೀನಿಯರೇ, ವಿಯೆಟ್ನಾಮಿಗಳೇ?' ಎಂದು ಮೂವತ್ತು ವರ್ಷ ಕೇಳಿಸಿಕೊಂಡವರಿಗೆ ತಮ್ಮ ಹೆಸರು ತಮ್ಮದಾಗಿ ಕೇಳುವುದು ಸಣ್ಣ ಸಂಗತಿಯಲ್ಲ. ವಾಂಗ್ ಅವರು ಕೂಡ ಆಗ, ಇದು ಸಾಕ್ಷ್ಯಚಿತ್ರವಲ್ಲ, ನೂರಕ್ಕೆ ನೂರು ನಿಖರತೆ ನಿರೀಕ್ಷಿಸಲಾಗದು ಎಂಬರ್ಥದ ಮಾತಾಡಿದ್ದರು. ಪುಂಡರ ನಾಯಕ ಸ್ಪೈಡರ್‌ನಾಗಿ ನಟಿಸಿದ ದುವಾ ಮುವಾ ಅವರು ತಮಗೆ ಆ ಬಗ್ಗೆ ವಿಷಾದವಿಲ್ಲ, ಗ್ಯಾಂಗುಗಳ ಸಮಸ್ಯೆ ಸಮುದಾಯದಲ್ಲಿ ಇರುವುದೇ ಎಂದರು. ಎರಡೂ ಪ್ರಾಮಾಣಿಕ ಮಾತುಗಳೇ. ಸಮುದಾಯದ ಹುಳುಕನ್ನು ತೋರಿಸಲೇಬಾರದೆಂದು ವಾದಿಸುವವರ ಜೊತೆ ನಾವಿಲ್ಲ. ಹುಳುಕನ್ನು ಯಾರು, ಯಾರ ಮುಂದೆ, ಯಾವ ಉದ್ದೇಶಕ್ಕೆ ತೋರಿಸುತ್ತಾರೆ ಎಂಬುದರಲ್ಲಿ ನಮಗೆ ಆಸಕ್ತಿ.

ಯಾಕೆಂದರೆ ಹ್ಮಾಂಗರು ತಮ್ಮನ್ನು ತಾವೇ ತೋರಿಸಿಕೊಳ್ಳದೆ ಕೂತಿರಲಿಲ್ಲ. ಈಸ್ಟ್‌ವುಡ್ ಬರುವುದಕ್ಕೆ ಎಷ್ಟೋ ಮೊದಲೇ, ಅಂದರೆ 1990ರ ದಶಕದಲ್ಲಿ, ಹ್ಮಾಂಗ್ ವಿಡಿಯೊ ಉದ್ಯಮವೊಂದು ಬೆಳೆದಿತ್ತು. ಕೈಗೆ ಸಿಗುವ ಕ್ಯಾಮೆರಾ, ನೆಂಟರಿಷ್ಟರೇ ನಟರು, ಮನೆಯಲ್ಲೇ ಸಂಕಲನ. ಕ್ಯಾಸೆಟ್‌ಗಳು ಹೊಸ ವರ್ಷದ ಹಬ್ಬದ ಮಳಿಗೆಗಳಲ್ಲಿ, ಅಂಗಡಿಗಳಲ್ಲಿ ಮಾರಾಟವಾಗುತ್ತಿದ್ದವು. ಸು ಥಾವೊ ಎಂಬವರು ಲಾವೋಸ್, ಥಾಯ್ಲೆಂಡ್, ಚೀನಾಗಳಿಗೆ ಹೋಗಿ ಅಲ್ಲಿನ ಹ್ಮಾಂಗ್ ಹಳ್ಳಿಗಳನ್ನು ಚಿತ್ರೀಕರಿಸಿ ತಂದು ಮಾರಿದರು. ಮರಳಿ ಹೋಗಲಾಗದ ಊರನ್ನು ಜನ ಟಿವಿಯಲ್ಲಿ ನೋಡಿ ಅತ್ತರು. ಹಾಂಗ್‌ಕಾಂಗ್, ಥಾಯ್ ಸಿನಿಮಾಗಳ ಜೊತೆಗೆ ನಮ್ಮ ಹಿಂದಿ ಸಿನಿಮಾಗಳೂ ಹ್ಮಾಂಗ್ ಭಾಷೆಗೆ ಡಬ್ ಆಗಿ ಆ ಮನೆಗಳನ್ನು ಸೇರಿದವು. ಹೀರೊ ಮುಂಬಯಿಯವನಾದರೂ ದನಿ ತಮ್ಮವರದ್ದು. ಶೆಂಕ್ ಅವರ ಜೊತೆ ಕ್ಯಾಸೆಟ್ ಕಾರ್ಖಾನೆಯಲ್ಲಿ ದುಡಿಯುತ್ತಿದ್ದ ಹ್ಮಾಂಗರ ಸಮುದಾಯಕ್ಕೆ ಆಗಲೇ ತನ್ನದೇ ಕ್ಯಾಸೆಟ್ ಲೋಕವಿತ್ತು. ಹೊರಗಿನವರಿಗೆ ಅದು ಕಾಣಲಿಲ್ಲ, ಅಷ್ಟೇ.

ಈ ಸ್ವಂತ ಚಿತ್ರಗಳು ದೋಷಮುಕ್ತವಾಗಿದ್ದವೇ? ಖಂಡಿತ ಇಲ್ಲ. ಅಲ್ಲಿ ಕ್ಯಾಮೆರಾ ಹಿಡಿದವರು ಬಹುತೇಕ ಗಂಡಸರು. ತಾಯ್ನಾಡೆಂದರೆ ಹಸಿರು ಬೆಟ್ಟ, ಅದರ ಮುಂದೆ ನಾಚಿ ನಿಂತ ಅಲಂಕೃತ ಹುಡುಗಿ ಎಂಬ ಸಿದ್ಧಮಾದರಿ ಅವುಗಳಲ್ಲಿ ಪದೇಪದೇ ಬರುತ್ತದೆ. ಅಮೆರಿಕದಿಂದ ಹಣವಂತನಂತೆ ಹೋಗಿ ಚಿಕ್ಕ ವಯಸ್ಸಿನ ಹುಡುಗಿಯರನ್ನು ಮದುವೆಯ ಆಸೆ ತೋರಿಸಿ ವಂಚಿಸುವ ಗಂಡಸರ ಪಿಡುಗಿಗೆ ಈ ಚಿತ್ರಗಳೂ ಬಣ್ಣ ಕಟ್ಟಿದವು ಎಂಬ ಟೀಕೆ ಇದೆ. ಆದರೆ ಅದೇ ಉದ್ಯಮದಿಂದಲೇ 'ಡಾಕ್ಟರ್ ಟಾಮ್' ಎಂಬ ಹಾಸ್ಯಚಿತ್ರವೂ ಬಂತು. ಅಮೆರಿಕದಲ್ಲಿ ಸರಕಾರಿ ನೆರವಿನ ಮೇಲೆ ಬದುಕುವ ಸೋಮಾರಿಯೊಬ್ಬ ಥಾಯ್ಲೆಂಡಿಗೆ ಹೋಗಿ ಡಾಕ್ಟರನೆಂದು ಸುಳ್ಳು ಹೇಳಿ ಹುಡುಗಿಯರ ಹಿಂದೆ ಬೀಳುವ ಕಥೆ ಅದು. ಸಮುದಾಯ ತನ್ನ ಗಂಡಸರ ಬಡಾಯಿಯನ್ನು ತಾನೇ ನೋಡಿ ನಕ್ಕಿತು. 'ಟೋಡ್' ಎಂದಾಗ ಥಿಯೇಟರಿನಲ್ಲಿ ಎದ್ದ ನಗೆಗೂ ಈ ನಗೆಗೂ ಇರುವ ಅಂತರವೇ ನಮ್ಮ ಚರ್ಚೆಯ ತಿರುಳು. ಇಲ್ಲಿ ನಗುವವನೂ ನಗೆಗೀಡಾದವನೂ ಒಂದೇ ಮನೆಯವರು; ಮರುದಿನ ಜಗಳವಾಡಲೂ ಅವಕಾಶವಿದೆ. ಅಲ್ಲಿ ಥಾವೊ ತಿರುಗಿ ಮಾತಾಡುವ ಹಾಗಿರಲಿಲ್ಲ.

ಬೀ ವಾಂಗ್ ಅವರು ಮುಂದೆ ಮಾಡಿದ ಕೆಲಸದ ಮಹತ್ವ ಇರುವುದು ಇಲ್ಲಿಯೇ. ಚಿತ್ರದ ಯಶಸ್ಸಿನ ಬೆನ್ನೇರಿ ಇಂಥದೇ ನಾಲ್ಕು ಪಾತ್ರ ಗಿಟ್ಟಿಸುವ ದಾರಿ ಬಿಟ್ಟು ಅವರು ಬ್ರೌನ್ ವಿಶ್ವವಿದ್ಯಾಲಯದಲ್ಲಿ ಓದಿದರು. ಹ್ಮಾಂಗ್ ಮಾಧ್ಯಮಗಳನ್ನು ಬಹುಕಾಲದಿಂದ ಅಧ್ಯಯನ ಮಾಡುತ್ತಿದ್ದ ಮಾನವಶಾಸ್ತ್ರಜ್ಞೆ ಲೂಯಿಸಾ ಶೈನ್ ಅವರ ಜೊತೆ ಸೇರಿ, ತಾವೇ ನಟಿಸಿದ ಚಿತ್ರದ ಬಗ್ಗೆ ಬಿಚ್ಚುಮನಸ್ಸಿನಿಂದ ಮಾತಾಡಿದರು, ಬರೆದರು. ಏಷ್ಯಾದ ಗಂಡಸೆಂದರೆ ಒಂದೋ ಹೆಣ್ಣಿಗ, ಇಲ್ಲವೇ ಪುಂಡ ಎಂಬ ಎರಡೇ ಅಚ್ಚುಗಳಲ್ಲಿ ತಮ್ಮವರನ್ನು ಎರಕ ಹೊಯ್ದದ್ದನ್ನು ತೆರೆದು ತೋರಿಸಿದರು. ಹ್ಮಾಂಗ್ ಅಧ್ಯಯನಕ್ಕೇ ಮೀಸಲಾದ ಪತ್ರಿಕೆಯಲ್ಲಿ 2010ರಲ್ಲಿ ಅವರ ದೀರ್ಘ ಸಂದರ್ಶನ ಪ್ರಕಟವಾಯಿತು. ನಟನೊಬ್ಬ ತನ್ನ ಪಾತ್ರದ ವಿಮರ್ಶಕನಾಗುವುದು ಎಲ್ಲ ಭಾಷೆಗಳ ಚಿತ್ರರಂಗಗಳಲ್ಲೂ ಅಪರೂಪ. ಅವಕಾಶ ಕೊಟ್ಟವರ ಉಪ್ಪು ತಿಂದು ದ್ರೋಹ ಬಗೆದ ಎಂಬ ಮಾತು ಬರುವುದು ಇಂಥವರಿಗೇ.

ಅದೇ 2010ರಲ್ಲಿ ವಾಂಗ್ ಮತ್ತು ಶೈನ್ ಸೇರಿ 'ಥಾವೊ ಡಸ್ ವಾಲ್ಟ್' ಎಂಬ ಒಂದು ಪುಟ್ಟ ಅಣಕು ವಿಡಿಯೊ ತಂದರು. ಮೂಲ ಚಿತ್ರದಲ್ಲಿ ವಾಲ್ಟ್ ಹುಡುಗನನ್ನು ಇಟಲಿ ಮೂಲದ ಕ್ಷೌರಿಕನ ಅಂಗಡಿಗೆ ಕರೆದೊಯ್ದು, ಗಂಡಸರು ಪರಸ್ಪರ ಹೇಗೆ ಬೈದಾಡಿಕೊಳ್ಳಬೇಕೆಂದು ಪಾಠ ಹೇಳುವ ದೃಶ್ಯವಿದೆ. ಅಲ್ಲಿ ಥಾವೊ ಆ ಪಾಠವನ್ನು ತಪ್ಪುತಪ್ಪಾಗಿ ಒಪ್ಪಿಸುತ್ತಾನೆ. ಅಣಕು ವಿಡಿಯೊ ಅದೇ ಅಂಗಡಿಯನ್ನು ಮತ್ತೆ ಕಟ್ಟಿ, ಥಾವೊ ಎದುರು ಮಾತಾಡುವಂತೆ ಮಾಡುತ್ತದೆ. ಮುದುಕನ ಗಂಡಸುತನದ ಪಾಠವೇ ಅಲ್ಲಿ ಪ್ರಶ್ನೆಗೆ ಒಳಗಾಗುತ್ತದೆ. ಖರ್ಚಿನಲ್ಲಿ, ತಾಂತ್ರಿಕತೆಯಲ್ಲಿ ಅದು ಹಳೆಯ ಹ್ಮಾಂಗ್ ಕ್ಯಾಸೆಟ್‌ಗಳ ಬಡ ನೆಂಟ. ಆದರೆ ಈಸ್ಟ್‌ವುಡ್ ಚಿತ್ರದಲ್ಲಿ ಎರಡು ಗಂಟೆ ಕಾಲ ಬಾಯಿ ಕಟ್ಟಿಸಿಕೊಂಡಿದ್ದ ಪಾತ್ರಕ್ಕೆ ಅದೇ ನಟನ ಮೂಲಕ ಮಾತು ಮರಳಿ ಬಂದದ್ದು ಇಲ್ಲಿ. ಹಾಲಿವುಡ್ ಜಡಿದ ಬೀಗವನ್ನು ಸಮುದಾಯದ ಕಿರು ಸಿನಿಮಾ ತೆಗೆಯಿತು.

2020ರಲ್ಲಿ ಕೋವಿಡ್ ಹರಡಿದಾಗ ಅಮೆರಿಕದ ಬೀದಿಗಳಲ್ಲಿ ಏಷ್ಯಾ ಮೂಲದವರ ಮೇಲೆ ಬೈಗುಳ, ಹಲ್ಲೆಗಳು ಹೆಚ್ಚಿದವು. 2021ರ ಆರಂಭದಲ್ಲಿ ವಾಂಗ್ ಅವರು ಎನ್‌ಬಿಸಿ ಸುದ್ದಿಸಂಸ್ಥೆಗೆ ಬರೆದ ಲೇಖನದಲ್ಲಿ 'ಗ್ರ್ಯಾನ್ ಟೊರಿನೊ'ವನ್ನು ಮತ್ತೆ ನೆನೆದರು. ಚಿತ್ರದ ಬೈಗುಳಗಳಿಗೆ ಬಿಳಿಯ ಪ್ರೇಕ್ಷಕರು ನಗುತ್ತಿದ್ದಾಗ ತಮಗಾದ ಕಸಿವಿಸಿಯನ್ನೂ, 'ತಮಾಷೆಯನ್ನು ತಮಾಷೆಯಾಗಿ ತಗೊಳ್ಳಲಾಗದೇ?' ಎಂದು ಕೇಳುತ್ತಿದ್ದವರನ್ನೂ ಅವರು ಪ್ರಸ್ತಾಪಿಸಿದರು. ಥಿಯೇಟರಿನಲ್ಲಿ ಒಪ್ಪಿತವಾದ ನಗೆ ಬೀದಿಯಲ್ಲಿ ಬೇರೆ ರೂಪ ತಾಳುತ್ತದೆ ಎಂಬ ಅವರ ಆತಂಕವನ್ನು ನಾವು ಹಗುರಾಗಿ ಕಾಣುವಂತಿಲ್ಲ. ವಾಲ್ಟ್ ಕೊನೆಗೆ ಒಳ್ಳೆಯವನಾಗುತ್ತಾನೆ, ನಿಜ. ಆದರೆ ಅವನ ಬೈಗುಳಗಳೂ ಒಳ್ಳೆಯತನದ ಜೊತೆಗೇ ಕ್ಷಮೆ ಪಡೆದು ಮುದ್ದಿನ ಮಾತಾಗಿಬಿಡುತ್ತವೆ. ಸಾಮಾನ್ಯ ಖಳನಾಯಕನ ಬಾಯಿಯ ಬೈಗುಳಕ್ಕಿಂತ ಒಳ್ಳೆಯ ಮುದುಕನ ಬಾಯಿಯ ಬೈಗುಳ ಹೆಚ್ಚು ಕಾಲ ಬಾಳುವುದು ಇದರಿಂದಲೇ.

ಹಾಗಾದರೆ ಬೀ ವಾಂಗ್ ಆ ಪಾತ್ರವನ್ನು ನಿರಾಕರಿಸಬೇಕಿತ್ತೇ? ಹಾಗೆಂದು ನಾವು ಹೇಳಲಾರೆವು. ಅವರು ಬಿಟ್ಟಿದ್ದರೆ ಇನ್ನೊಬ್ಬ ಹುಡುಗ ಆ ನೆಲಮಾಳಿಗೆಯಲ್ಲಿ ಕೂತಿರುತ್ತಿದ್ದ, ಆ ಹುಡುಗ ಮುಂದೆ ಮಾತಾಡುತ್ತಿದ್ದನೋ ಇಲ್ಲವೋ. ಒಪ್ಪುವುದು, ಬಿಡುವುದು ಎಂಬ ಎರಡೇ ಆಯ್ಕೆಗಳನ್ನು ಸಣ್ಣ ಸಮುದಾಯದ ನಟನ ಮುಂದಿಟ್ಟು ಅವನನ್ನೇ ಕಟಕಟೆಗೆ ಹತ್ತಿಸುವುದು ಅನ್ಯಾಯ. ನಿರ್ಮಾಣ ಸಂಸ್ಥೆ, ಚಿತ್ರಕಥೆಗಾರ, ನಿರ್ದೇಶಕರ ಹೊಣೆ ಅವನ ಹೆಗಲಿಗೆ ವರ್ಗಾವಣೆಯಾಗಬಾರದು. ಸೆಟ್ಟಿಗೆ ಸಲಹೆಗಾರನನ್ನು ಕರೆಸಿ ಕೂರಿಸುವುದು ಸುಲಭ. ಚಿತ್ರಕಥೆಯ ಮೊದಲ ಪುಟ ಬರೆಯುವಾಗ ಅವನ ಮಾತು ಕೇಳುವುದು ಕಷ್ಟ. ಹೆಸರಿನ ತಪ್ಪು ಆ ಮೊದಲ ಪುಟದ್ದು. ಅದನ್ನು ಯಾವ ನಟನೂ ಅಭಿನಯದಿಂದ ತಿ���್ದಲಾರ.

ತಿದ್ದಲು ಪೆನ್ನು ಕೈಗೆ ಬರಬೇಕು. ಸ್ಪೈಡರ್‌ನಾಗಿ ನಟಿಸಿದ್ದ ದುವಾ ಮುವಾ ಅವರು ಆ ದಾರಿ ಹಿಡಿದರು. ಥಾಯ್ಲೆಂಡಿನ ನಿರಾಶ್ರಿತ ಶಿಬಿರದಲ್ಲಿ ಹುಟ್ಟಿ ಸೇಂಟ್ ಪಾಲ್‌ನಲ್ಲಿ ಬೆಳೆದ ಅವರು 2020ರ 'ಮುಲಾನ್'ನಂಥ ದೊಡ್ಡ ಚಿತ್ರದಲ್ಲಿ ಸಣ್ಣ ಪಾತ್ರ ಮಾಡುತ್ತಲೇ ತಮ್ಮದೇ ಕಥೆಯೊಂದನ್ನು ಬರೆದರು. ಅದು 2023ರಲ್ಲಿ 'ದ ಹಾರ್ವೆಸ್ಟ್' ಎಂಬ ಚಿತ್ರವಾಗಿ ಪ್ರದರ್ಶನ ಕಂಡಿತು. ಚಿತ್ರಕಥೆ ಅವರದೇ, ಮುಖ್ಯ ಪಾತ್ರವೂ ಅವರದೇ. ನಿರ್ದೇಶಿಸಿದವರು ಕಾಂಬೋಡಿಯಾ ಮೂಲದ ಕೇಲೀ ಸೋ. ಅಂದರೆ ಹ್ಮಾಂಗರ ಕಥೆಯನ್ನು ಹ್ಮಾಂಗರಷ್ಟೇ ಮುಟ್ಟಬೇಕೆಂಬ ಬೇಲಿಯೂ ಇಲ್ಲಿಲ್ಲ. ಒಂದೇ ಸೂರಿನ ಕೆಳಗೆ ಹಳೆಯ ಕಟ್ಟುಪಾಡು ಹಿಡಿದ ತಂದೆ, ಬೇರೆ ಬದುಕು ಬಯಸುವ ಮಕ್ಕಳು, ನಡುವೆ ಸಿಕ್ಕ ತಾಯಿ. ಇಲ್ಲಿಯೂ ಸಮುದಾಯದ ಹುಳುಕುಗಳಿವೆ. ಗಂಡುಮಕ್ಕಳ ಮೇಲಿನ ನಿರೀಕ್ಷೆಯ ಭಾರ, ಹೆಣ್ಣುಮಕ್ಕಳ ಕಟ್ಟುಪಾಡು ಯಾವುದನ್ನೂ ಮುಚ್ಚಿಟ್ಟಿಲ್ಲ. ಆದರೆ ಆ ಮನೆಯ ಜಗಳ ಆ ಮನೆಯವರದೇ.

'ದ ಹಾರ್ವೆಸ್ಟ್' ಗ್ರ್ಯಾನ್ ಟೊರಿನೊದಂತೆ ಕೋಟಿಗಟ್ಟಲೆ ಜನರನ್ನು ತಲುಪಿಲ್ಲ, ತಲುಪುವುದೂ ಇಲ್ಲ. ಹ್ಮಾಂಗರ ಬಗ್ಗೆ ತಿಳಿಯಬಯಸುವ ಹೊರಗಿನವರು ಇನ್ನೂ ಬಹುಕಾಲ ಈಸ್ಟ್‌ವುಡ್ ಅವರ ಚಿತ್ರವನ್ನೇ ಮೊದಲು ನೋಡುತ್ತಾರೆ. ನೋಡಲಿ, ಅದು ನೋಡಬಾರದ ಚಿತ್ರವೇನಲ್ಲ. ನಮ್ಮ ಕೋರಿಕೆ ಇಷ್ಟೇ: ವಾಲ್ಟ್ ಬಾಗಿಲಿಗೆ ಬೀಗ ಹಾಕಿ ಹೊರಟಾಗ ಎಲ್ಲರ ಕಣ್ಣು ಅವನ ಹಿಂದೆ ಹೋಗುತ್ತದೆ, ಓದುಗರು ಒಂದು ಗಳಿಗೆ ಬಾಗಿಲ ಈಚೆಯೇ ನಿಂತು ಆ ಹುಡುಗ ಕೂಗುತ್ತಿರುವುದೇನೆಂದು ಕೇಳಿಸಿಕೊಳ್ಳಬೇಕು. ಬೀ ವಾಂಗ್ ಅವರು ಆ ನಂತರದ ವರ್ಷಗಳಲ್ಲಿ ಬರೆದದ್ದು, ಮಾತಾಡಿದ್ದು, ಅಣಕವಾಡಿದ್ದೆಲ್ಲ ಆ ಕೂಗಿನ ಮುಂದುವರಿಕೆಯೇ.